ಪರಿಹಾರದ ಕಾಗದ ಯಾರು ತರಬೇಕು?

ಚಿತ್ರದುರ್ಗದ ಕೋರ್ಟಿಗೆ ನಾನು ಕಿರಿಯ ವಕೀಲನಾಗಿ ಬಂದದ್ದು 1984ರಲ್ಲಿ. ಆಗ ದಾವಣಗೆರೆ, ಹರಿಹರಗಳೂ ನಮ್ಮ ಜಿಲ್ಲೆಯಲ್ಲೇ ಇದ್ದವು. ದಾವಣಗೆರೆ ಬೇರೆ ಜಿಲ್ಲೆಯಾದದ್ದು 1997ರಲ್ಲಿ. ಪುಣೆ–ಬೆಂಗಳೂರು ಹೆದ್ದಾರಿ, ಆಗಿನ ನಂಬರ್ 4, ಈಗಿನ 48, ಹಿರಿಯೂರಿನಿಂದ ಹರಿಹರದವರೆಗೆ ಜಿಲ್ಲೆಯ ನಡುವೆಯೇ ಹಾದುಹೋಗುತ್ತಿತ್ತು. ಎರಡು ಲಾರಿ ಎದುರುಬದುರಾದರೆ ಪಕ್ಕದಲ್ಲಿ ಎತ್ತಿನ ಗಾಡಿಗೆ ಜಾಗವಿಲ್ಲದಂಥ ರಸ್ತೆ. ಈರುಳ್ಳಿ, ಶೇಂಗಾ, ಹತ್ತಿ ಹೇರಿದ ಲಾರಿಗಳು, ದಿಬ್ಬಣದ ಟೆಂಪೊಗಳು, ಸೈಕಲ್ಲುಗಳು, ಎಲ್ಲಕ್ಕೂ ಅದೊಂದೇ ದಾರಿ. ಅಲ್ಲಿ ಸತ್ತವರ, ಕೈಕಾಲು ಕಳೆದುಕೊಂಡವರ ಕಾಗದಗಳು ಕೊನೆಗೆ ಬಂದು ಸೇರುತ್ತಿದ್ದುದು ಜಿಲ್ಲಾ ನ್ಯಾಯಾಲಯದ ಕಪಾಟುಗಳಿಗೆ. ದಾರ ಸುತ್ತಿದ ಆ ಕಟ್ಟುಗಳ ಮೇಲೆ ಎಂ.ವಿ.ಸಿ., ಅಂದರೆ ಮೋಟಾರು ವಾಹನ ಅಪಘಾತದ ಕೇಸು, ಎಂದು ಬರೆದು ನಂಬರು ಹಾಕಿರುತ್ತಿದ್ದರು.

ನಾಲ್ಕು ದಶಕ ಈ ಕಟ್ಟುಗಳ ನಡುವೆ ಕಳೆದ ಮೇಲೆ ನನಗೆ ಖಚಿತವಾಗಿರುವುದು ಒಂದು ಮಾತು. ಅಪಘಾತದ ಪರಿಹಾರ ಬೇಗ ಸಿಗಲಿ ಎಂದು ಸಂಸತ್ತು ಮತ್ತೆ ಮತ್ತೆ ಕಾನೂನು ತಿದ್ದಿದೆ, ಸುಪ್ರೀಂ ಕೋರ್ಟು ಮೇಲಿಂದ ಮೇಲೆ ಆದೇಶ ಕೊಟ್ಟಿದೆ. ಅವುಗಳಲ್ಲಿ ಯಾವುದು ಜನರ ಕೈಗೆ ಹಣ ಮುಟ್ಟಿಸಿತು, ಯಾವುದು ಮುಟ್ಟಿಸಲಿಲ್ಲ ಎಂದು ತಿಳಿಯಲು ಒಂದು ಪ್ರಶ್ನೆ ಕೇಳಿದರೆ ಸಾಕು: ಕಾಗದ ತರುವ ಹೊಣೆಯನ್ನು ಅದು ಯಾರ ತಲೆಗೆ ಕಟ್ಟಿತು? ಗಂಡನನ್ನು ಕಳೆದುಕೊಂಡ ಹೆಂಗಸಿನ ತಲೆಗೆ ಕಟ್ಟಿದಷ್ಟು ಕಾಲ ಯಾವ ಆದೇಶವೂ ಕದಲಲಿಲ್ಲ.

ನಮ್ಮ ಸೀನಿಯರ್ ವಕೀಲಿ ಶುರುಮಾಡಿದ ಕಾಲದಲ್ಲಿ ಎಂ.ವಿ.ಸಿ. ಎಂಬುದೇ ಇರಲಿಲ್ಲ. ಲಾರಿ ಹಾಯ್ದು ಮನುಷ್ಯ ಸತ್ತರೆ 1855ರ ಮಾರಕ ಅಪಘಾತಗಳ ಕಾಯಿದೆಯಡಿ ಸಿವಿಲ್ ದಾವೆ ಹೂಡಬೇಕಿತ್ತು. ಇಂಗ್ಲೆಂಡಿನ ಹಳೆಯ ಕಾನೂನಿನಲ್ಲಿ ಗಾಯಾಳು ಬದುಕಿದ್ದರೆ ಪರಿಹಾರ ಕೇಳಬಹುದಿತ್ತು. ಸತ್ತರೆ ಅವನ ಮನೆಯವರಿಗೆ ಕೇಳುವ ಹಕ್ಕಿರಲಿಲ್ಲ. ರೈಲುಗಳ ಕಾಲದಲ್ಲಿ, 1846ರಲ್ಲಿ, ಅದನ್ನು ಅಲ್ಲಿ ತಿದ್ದಿದರು. ಒಂಬತ್ತು ವರ್ಷದ ಮೇಲೆ ಅದರದೇ ಅಚ್ಚು ನಮ್ಮಲ್ಲಿಗೂ ಬಂತು. ಹೆಂಡತಿ, ಗಂಡ, ತಂದೆತಾಯಿ, ಮಕ್ಕಳು ಇವರಿಗಾಗಿ ಮಾತ್ರ ದಾವೆ, ಒಡಹುಟ್ಟಿದವರಿಗಿಲ್ಲ. ವರ್ಷದೊಳಗೆ ಹೂಡಬೇಕು. ಕೇಳುವ ಮೊತ್ತಕ್ಕೆ ತಕ್ಕಂತೆ ಕೋರ್ಟ್ ಫೀ ಮೊದಲೇ ಕಟ್ಟಬೇಕು. ದುಡಿಯುವ ಕೈ ಹೋದ ಮನೆಯಲ್ಲಿ ಆ ಫೀಗೆ ದುಡ್ಡೆಲ್ಲಿ? ಕಟ್ಟಿ ಗೆದ್ದರೂ ಡಿಕ್ರಿ ಬರುವುದು ಡ್ರೈವರನ ಮೇಲೆ, ಲಾರಿಯ ಮಾಲೀಕನ ಮೇಲೆ. ಅಷ್ಟರಲ್ಲಿ ಆ ಮಾಲೀಕ ಲಾರಿಯನ್ನೇ ಮಾರಿರುತ್ತಿದ್ದ.

1939ರ ಮೋಟಾರು ವಾಹನಗಳ ಕಾಯಿದೆ ಈ ಕೊನೆಯ ತೊಡಕಿಗೆ ದಾರಿ ಹುಡುಕಿತು. ಬೀದಿಯಲ್ಲಿ ಓಡುವ ಪ್ರತಿ ವಾಹನಕ್ಕೂ ಮೂರನೆಯವರಿಗಾಗುವ ಹಾನಿಗೆ ವಿಮೆ ಕಡ್ಡಾಯವೆಂದಿತು. ಆದರೆ ಆ ಅಧ್ಯಾಯ ಜಾರಿಗೆ ಬಂದದ್ದು 1946ರ ಜುಲೈ 1ರಂದು, ಏಳು ವರ್ಷ ತಡವಾಗಿ. ಪರಿಹಾರದ ಕಾನೂನಿನ ಚರಿತ್ರೆ ನಮ್ಮಲ್ಲಿ ಶುರುವಾದದ್ದೇ ಒಂದು ವಾಯಿದೆಯಿಂದ. ಆ ಮೇಲೂ ದಾವೆ ಸಿವಿಲ್ ಕೋರ್ಟಿನಲ್ಲೇ, ಫೀ ಹಾಗೆಯೇ.

ದೊಡ್ಡ ತಿರುವು 1956ರ ತಿದ್ದುಪಡಿ. 1957ರ ಫೆಬ್ರುವರಿಯಿಂದ ಜಾರಿಯಾದ 110ನೇ ಕಲಮು, ಅದರ ಎ, ಬಿ, ಸಿ ಬಾಲಗಳೊಂದಿಗೆ, ಅಪಘಾತದ ಪರಿಹಾರಕ್ಕೆಂದೇ ನ್ಯಾಯಮಂಡಳಿ ನೇಮಿಸುವ ಅಧಿಕಾರವನ್ನು ರಾಜ್ಯಗಳಿಗೆ ಕೊಟ್ಟಿತು. ಸಾಕ್ಷ್ಯದ ಎಲ್ಲ ಕಟ್ಟಲೆಗಳಿಗೂ ಜೋತುಬೀಳದೆ ಸಂಕ್ಷಿಪ್ತ ವಿಚಾರಣೆ ನಡೆಸಿ ತೀರ್ಮಾನಿಸಬಹುದು. ಮೊತ್ತಕ್ಕೆ ತಕ್ಕ ಕೋರ್ಟ್ ಫೀ ಇಲ್ಲ, ಹೆಸರಿಗೊಂದು ಅಲ್ಪ ಶುಲ್ಕ. ನ್ಯಾಯಮಂಡಳಿ ಇರುವ ಕಡೆ ಸಿವಿಲ್ ಕೋರ್ಟಿಗೆ ಈ ವಿಷಯದಲ್ಲಿ ಬಾಗಿಲಿಲ್ಲ. ನ್ಯಾಯಮಂಡಳಿ ಎಂದ ಕೂಡಲೇ ಹೊಸ ಕಟ್ಟಡ, ಹೊಸ ನ್ಯಾಯಾಧೀಶರು ಬಂದರೆಂದು ತಿಳಿಯಬಾರದು. ನಮ್ಮ ಊರುಗಳಲ್ಲಿ ಜಿಲ್ಲಾ ನ್ಯಾಯಾಧೀಶರೇ ಬೆಳಿಗ್ಗೆ ಕೊಲೆ ಮೊಕದ್ದಮೆ ನಡೆಸಿ ಮಧ್ಯಾಹ್ನ ಅದೇ ಕುರ್ಚಿಯಲ್ಲಿ ನ್ಯಾಯಮಂಡಳಿಯಾಗುತ್ತಿದ್ದರು. ಅವರೇ ನ್ಯಾಯಾಧೀಶರು, ಅವೇ ಕಪಾಟುಗಳು, ಅವರೇ ಗುಮಾಸ್ತರು. ಸಿವಿಲ್ ದಾವೆಯ ನಡಿಗೆ ಎಂ.ವಿ.ಸಿ.ಗೂ ತಾನಾಗಿ ಬಂತು.

ಆ ನಡಿಗೆ ಹೇಗಿತ್ತೆಂದು ಹೇಳಲು ಒಬ್ಬ ತಾಯಿಯ ವಿಷಯ ಹೇಳುತ್ತೇನೆ. ಚಳ್ಳಕೆರೆ ಕಡೆಯ ಹಟ್ಟಿಯೊಂದರವಳು. ಗಂಡ ಕಬ್ಬು ಕಡಿಯಲು ಸಾತಾರದ ಕಡೆ ಹೋಗಿದ್ದ. ಸಂಜೆ ರಸ್ತೆ ಬದಿಯಲ್ಲಿ ಗುಡಿಸಲಿಗೆ ನಡೆದು ಬರುವಾಗ ಹಿಂದಿನಿಂದ ಲಾರಿ ಹಾಯ್ದಿತ್ತು. ನಮ್ಮ ಆಫೀಸಿಗೆ ಅವಳು ಬಂದಾಗ ಸೀನಿಯರ್ ಎದುರಿಗಿಟ್ಟ ರಸಗೊಬ್ಬರದ ಪ್ಲಾಸ್ಟಿಕ್ ಚೀಲದಲ್ಲಿ ಇದ್ದದ್ದು ನಾಲ್ಕೇ ಹಾಳೆ: ಪ್ರಥಮ ವರ್ತಮಾನ ವರದಿ, ಸ್ಥಳ ಪಂಚನಾಮೆ, ಶವಪರೀಕ್ಷೆಯ ವರದಿ, ಊರ ಪಟೇಲರು ಬರೆದುಕೊಟ್ಟ ಒಂದು ಚೀಟಿ. ಮೊದಲ ಮೂರೂ ಮರಾಠಿ. ಮೋಡಿಯಂಥ ಕೈಬರಹದಲ್ಲಿ ಲಾರಿಯ ನಂಬರು ಯಾವುದು, ಠಾಣೆಯ ಮೊಹರು ಯಾವುದು ಎಂದು ನಾನು ಬೆರಳಿಟ್ಟು ಹುಡುಕಿದೆ. ಹಾಳೆ ಮಡಿಸಿ ಮಡಿಸಿ ಮಡಿಕೆಯ ಗೆರೆಯಲ್ಲೇ ಹರಿದು, ನಂಬರಿನ ಕೊನೆಯ ಅಂಕಿ ಹೋಗಿತ್ತು.

ಆಗಿನ 110-ಎ ಕಲಮಿನ ಪ್ರಕಾರ ಅರ್ಜಿಯನ್ನು ಅಪಘಾತ ನಡೆದ ಜಾಗದ ನ್ಯಾಯಮಂಡಳಿಯಲ್ಲೇ ಕೊಡಬೇಕು. ಅಂದರೆ ಸಾತಾರದಲ್ಲಿ. ಅದೂ ಆರು ತಿಂಗಳೊಳಗೆ. ಅವಳು ಬಂದದ್ದು ವರ್ಷದ ತಿಥಿ ಮುಗಿಸಿ. ಸೀನಿಯರ್ ಈ ಎರಡು ನಿಯಮಗಳನ್ನೂ ಅವಳಿಗೆ ಬಿಡಿಸಿ ಹೇಳಿದರು. ಅವಳು ಕೇಳಿಕೊಂಡು, "ಸತ್ತಿದ್ದು ಅಲ್ಲೇ ಇರ್ಬೋದು ಸಾಮಿ, ಉಪಾಸ ಬಿದ್ದಿರಾದು ಇಲ್ಲಲ್ವಾ?" ಎಂದಳು. ಸೀನಿಯರ್ ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ ಸಾತಾರದ ವಕೀಲರೊಬ್ಬರಿಗೆ ಕಾಗದ ಬರೆದು, ವಿಳಂಬ ಮನ್ನಿಸಬೇಕೆಂಬ ಅರ್ಜಿಯನ್ನೂ ಜೊತೆಗಿಟ್ಟು, ಕೇಸು ಹಾಕಿಸಿದರು. ವರ್ಷಗಟ್ಟಲೆ ನಡೆಯಿತು. ಅವಳು ಒಂದು ಸಲ ಸಾಕ್ಷಿ ಹೇಳಲು ಅಲ್ಲಿಗೆ ಹೋಗಿ ಬಂದಳು, ನ್ಯಾಯಾಧೀಶರು ರಜೆಯಲ್ಲಿದ್ದರು. ಕೊನೆಗೆ ಅವಳ ಕೈಗೆ ಬಂದದ್ದು 92-ಎ ಕಲಮಿನ 15,000 ರೂಪಾಯಿ ಮಾತ್ರ.

ಆ 92-ಎ ವಿಷಯ ಸ್ವಲ್ಪ ವಿವರವಾಗಿಯೇ ಹೇಳಬೇಕು, ಯಾಕೆಂದರೆ ಕಾಗದದ ಹೊಣೆ ಮೊದಲ ಸಲ ಹಗುರಾದದ್ದು ಅಲ್ಲಿ. ಅಲ್ಲಿಯವರೆಗೆ ಪರಿಹಾರ ಬೇಕಾದರೆ ಡ್ರೈವರನ ನಿರ್ಲಕ್ಷ್ಯ ರುಜುವಾಗಬೇಕಿತ್ತು. 1977ರಲ್ಲಿ ಸುಪ್ರೀಂ ಕೋರ್ಟು ಅದನ್ನು ಮತ್ತೊಮ್ಮೆ ಬಿಗಿಯಾಗಿ ಹೇಳಿತ್ತು. ರಾತ್ರಿ ಹೆದ್ದಾರಿಯಲ್ಲಿ ಬಿದ್ದು ಸತ್ತವನ ಕಡೆ ಕಣ್ಣಾರೆ ಕಂಡ ಸಾಕ್ಷಿ ಯಾರಿರುತ್ತಾರೆ? ಲಾರಿಯ ಕ್ಲೀನರನೇ ಇರುತ್ತಾನೆ, ಅವನು ತನ್ನ ಡ್ರೈವರನ ಕಡೆಗೇ ನಿಲ್ಲುತ್ತಾನೆ. ಈ ಅನ್ಯಾಯದ ವಿರುದ್ಧ ಸುಪ್ರೀಂ ಕೋರ್ಟಿನೊಳಗಿಂದಲೇ ದನಿಯೆತ್ತಿದವರು ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್. 1979, 1980ರ ಅವರ ತೀರ್ಪುಗಳನ್ನು ನಮ್ಮ ಸೀನಿಯರ್ ಟೈಪ್ ಮಾಡಿಸಿ ಫೈಲಿನಲ್ಲಿಟ್ಟಿದ್ದರು. ಬಸ್ಸಿಗೆ ವಿದ್ಯುತ್ ತಂತಿ ತಾಗಿ ಜನ ಸತ್ತ ತಮಿಳುನಾಡಿನ ಒಂದು ಪ್ರಕರಣದಲ್ಲಿ, ನ್ಯಾಯಮಂಡಳಿಗಳು ಸಣ್ಣಪುಟ್ಟ ಅನುಮಾನಗಳಲ್ಲಿ ಸಿಕ್ಕಿಕೊಳ್ಳಬಾರದು, ರಾಜ್ಯಗಳು ಸಾಕಷ್ಟು ನ್ಯಾಯಮಂಡಳಿಗಳನ್ನು ನೇಮಿಸಬೇಕು, ಹೈಕೋರ್ಟುಗಳು ಬೇಗ ಇತ್ಯರ್ಥಕ್ಕೆ ಒತ್ತಾಯಿಸಬೇಕು ಎಂದು 1980ರಲ್ಲಿ ಅವರು ಬರೆದರು. ವಿಳಂಬದ ಮೇಲೆ ಸುಪ್ರೀಂ ಕೋರ್ಟು ನೇರವಾಗಿ ಕೋಪಗೊಂಡ ಮೊದಮೊದಲ ತೀರ್ಪುಗಳಲ್ಲಿ ಅದೊಂದು. ನಾನು ವಕೀಲನಾದ ಮೇಲೂ ಎಷ್ಟೋ ಸಲ ಅದನ್ನು ಓದಿ ಧೈರ್ಯ ತಂದುಕೊಂಡಿದ್ದೇನೆ.

1982ರ ಅಕ್ಟೋಬರ್ 1ರಿಂದ 92-ಎ ಬಂತು. ತಪ್ಪು ಯಾರದೆಂಬ ವಿಚಾರಣೆ ಇಲ್ಲದೆ, ಸತ್ತವರ ಮನೆಗೆ 15,000, ಶಾಶ್ವತ ಅಂಗವೈಕಲ್ಯಕ್ಕೆ 7,500 ರೂಪಾಯಿ. ಉಳಿದ ಮೊತ್ತಕ್ಕೆ ಕೇಸು ನಡೆಯುತ್ತಿರಲಿ, ಇದನ್ನು ಮೊದಲು ಕೊಡಿ ಎಂಬುದು ಅದರ ಉದ್ದೇಶ. ಕೆಲವು ನ್ಯಾಯಮಂಡಳಿಗಳು ಇದಕ್ಕೂ ಆಕ್ಷೇಪಣೆ, ಸಾಕ್ಷಿ, ವಾದ ಎಂದು ಪೂರ್ತಿ ವಿಚಾರಣೆಯನ್ನೇ ನಡೆಸತೊಡಗಿದವು. ಇದನ್ನು ನಿಲ್ಲಿಸಿದ್ದು ನಮ್ಮದೇ ಹೆದ್ದಾರಿಯ ಒಂದು ದುರಂತ. 1987ರ ಅಕ್ಟೋಬರಿನಲ್ಲಿ ಪುಣೆ ಕಡೆಯಿಂದ ಬೆಂಗಳೂರಿನ ದಾರಿ ಹಿಡಿದಿದ್ದ ಪೆಟ್ರೋಲ್ ಟ್ಯಾಂಕರ್ ಸಾತಾರ ಜಿಲ್ಲೆಯ ಹಳ್ಳಿಯೊಂದರ ಹತ್ತಿರ ಲಾರಿಗೆ ತಾಗಿ ರಾತ್ರಿ ಉರುಳಿತು. ಬೆಳಕು ಹರಿದಾಗ ಸೋರುವ ಪೆಟ್ರೋಲ್ ಹಿಡಿಯಲು ಜನ ಸೇರಿದ್ದರು; ಉರುಳಿದ ಸುಮಾರು ನಾಲ್ಕು ತಾಸಿನ ಮೇಲೆ ಅದು ಸಿಡಿಯಿತು. ಇದು ವಾಹನದ ಬಳಕೆಯಿಂದಾದ ಅಪಘಾತವೇ ಅಲ್ಲವೆಂದು ಎದುರಾಳಿಗಳು ವಾದಿಸಿದರು. 1991ರಲ್ಲಿ ಸುಪ್ರೀಂ ಕೋರ್ಟು ಆ ವಾದವನ್ನು ತಳ್ಳಿಹಾಕಿತು. ಅಷ್ಟಕ್ಕೇ ನಿಲ್ಲದೆ, 92-ಎ ಅರ್ಜಿಗೆ ಪೊಲೀಸ್ ದೂರಿನ ಪ್ರತಿ, ಗಾಯದ ಅಥವಾ ಶವಪರೀಕ್ಷೆಯ ವರದಿ, ವಾಹನದ ನೋಂದಣಿ, ವಿಮೆಯ ವಿವರ, ಇಷ್ಟು ನೋಡಿ ತಕ್ಷಣ ತೀರ್ಮಾನಿಸಬೇಕೆಂದಿತು. ನಾವು ಈ ತೀರ್ಪಿನ ಪ್ರತಿಯನ್ನು ಹಿಡಿದು ನಿಂತರೆ ವಿಮಾ ಕಂಪನಿಯ ವಕೀಲರು ಮತ್ತೊಂದು ವಾಯಿದೆ ಕೇಳಲು ಹಿಂಜರಿಯುತ್ತಿದ್ದರು. ಆದೇಶಕ್ಕೆ ಕಾಲು ಬರುವುದು ಹೀಗೆ, ಬೇಕಾದ ಕಾಗದ ಇಷ್ಟೇ ಎಂದು ಅದು ಹೇಳಿದಾಗ.

ಈ ನಡುವೆ 1987ರಲ್ಲಿ ಬಂದ ಇನ್ನೊಂದು ತೀರ್ಪು ನನಗೆ ತುಂಬ ಪ್ರಿಯವಾದದ್ದು. ಬರೆದವರು ಮಂಡ್ಯ ಜಿಲ್ಲೆಯಿಂದ ಹೋಗಿ ಮುಂದೆ ಭಾರತದ ಮುಖ್ಯ ನ್ಯಾಯಮೂರ್ತಿಯಾದ ಇ.ಎಸ್. ವೆಂಕಟರಾಮಯ್ಯ. ಗುಜರಾತಿನಲ್ಲಿ ಸತ್ತ ಹುಡುಗನೊಬ್ಬನ ಪರವಾಗಿ ಅಣ್ಣತಮ್ಮಂದಿರು ಪರಿಹಾರ ಕೇಳಬಹುದೇ ಎಂಬುದು ಪ್ರಶ್ನೆ. 1855ರ ಕಾಯಿದೆಯ ಪಟ್ಟಿಯಲ್ಲಿ ಅವರಿಲ್ಲ. ನಮ್ಮ ಮನೆಗಳಲ್ಲಿ ಅಣ್ಣ ತಮ್ಮನನ್ನು ಸಾಕುತ್ತಾನೆ, ತಮ್ಮ ಅಣ್ಣನ ಮಕ್ಕಳನ್ನು ಸಾಕುತ್ತಾನೆ; ಇಂಗ್ಲೆಂಡಿನ ಮನೆಯ ಅಳತೆಯನ್ನು ಇಲ್ಲಿಗೆ ಹಾಕುವುದು ಸಲ್ಲದು ಎಂಬ ತಿಳಿವಳಿಕೆಯಿಂದ ಆ ತೀರ್ಪು ಹೌದು, ಕೇಳಬಹುದು ಎಂದಿತು. ಅದರ ಬಲದಿಂದ ನಮ್ಮಲ್ಲೂ ಕೂಡು ಕುಟುಂಬದ ಎಷ್ಟೋ ಮಂದಿಗೆ ಅರ್ಜಿ ಹಾಕುವ ಹಾದಿ ತೆರೆಯಿತು.

1988ರ ಹೊಸ ಕಾಯಿದೆ 1989ರ ಜುಲೈ 1ರಂದು ಜಾರಿಗೆ ಬಂತು. 110-ಎ ಹೋಗಿ 166 ಬಂತು, 92-ಎ ಹೋಗಿ 140 ಬಂತು. ನಮ್ಮ ಗುಮಾಸ್ತರು ಹಳೆಯ ಅರ್ಜಿ ನಮೂನೆಗಳ ಮೇಲೆ ನಂಬರು ಹೊಡೆದುಹಾಕಿ ಬಹಳ ದಿನ ಅವನ್ನೇ ಬಳಸಿದರು. ಬದುಕು ನಿಜವಾಗಿ ಬದಲಾದದ್ದು 1994ರ ನವೆಂಬರ್ 14ರಂದು. ಆ ತಿದ್ದುಪಡಿ ಆರು ತಿಂಗಳ ಗಡುವನ್ನು ತೆಗೆದುಹಾಕಿತು. ಅಪಘಾತ ಎಲ್ಲೇ ಆಗಿರಲಿ, ಅರ್ಜಿದಾರರು ತಾವು ವಾಸವಿರುವ ಕಡೆಯೇ ಅರ್ಜಿ ಹಾಕಬಹುದೆಂದಿತು. ಆ ಚಳ್ಳಕೆರೆಯ ತಾಯಿ ಕೇಳಿದ ಪ್ರಶ್ನೆಗೆ ಸಂಸತ್ತು ಕೊಟ್ಟ ಉತ್ತರ ಅದು ಎಂದೇ ನಾನು ತಿಳಿದಿದ್ದೇನೆ. ಅವಳ ಪಾಲಿಗೆ ಅದು ತಡವಾಗಿ ಬಂತು.

ಅದೇ ತಿದ್ದುಪಡಿಯಲ್ಲಿ ಇನ್ನೂ ಒಂದು ಮಾತಿತ್ತು, ಯಾರೂ ಹೆಚ್ಚು ಗಮನಿಸದ ಮಾತು. ಠಾಣಾಧಿಕಾರಿ ಅಪಘಾತದ ವರದಿಯನ್ನು 30 ದಿನದೊಳಗೆ ನ್ಯಾಯಮಂಡಳಿಗೂ ವಿಮಾ ಕಂಪನಿಗೂ ಕಳಿಸಬೇಕು. ಆ ವರದಿಯನ್ನೇ ನ್ಯಾಯಮಂಡಳಿ ಪರಿಹಾರದ ಅರ್ಜಿಯೆಂದು ತೆಗೆದುಕೊಳ್ಳಬೇಕು. ಅರ್ಥವೇನೆಂದರೆ, ವಿಧವೆ ವಕೀಲರ ಆಫೀಸಿನ ಮೆಟ್ಟಿಲು ಹತ್ತುವುದಕ್ಕೆ ಮುಂಚೆಯೇ ಅವಳ ಕೇಸು ನಂಬರಾಗಿರಬೇಕು. ಕಾಗದದ ಹೊಣೆಯನ್ನು ಕಾನೂನು ಮೊದಲ ಬಾರಿ ಪೂರ್ತಿಯಾಗಿ ಸರ್ಕಾರದ ತಲೆಗೆ ಕಟ್ಟಿತ್ತು. ಹದಿನೈದು ವರ್ಷ ಅದು ಪುಸ್ತಕದಲ್ಲೇ ಉಳಿಯಿತು. ಠಾಣೆಯಿಂದ ಒಂದು ಪಂಚನಾಮೆಯ ನಕಲು ಪಡೆಯಲು ಹಳ್ಳಿಯ ಜನ ಎಷ್ಟು ಸಲ ಅಲೆದರೆಂಬುದನ್ನು ನಾನು ನೋಡಿದ್ದೇನೆ. ಬರೆಯುವ ಪೇದೆ ಬಂದೋಬಸ್ತಿಗೆ ಹೋಗಿರುತ್ತಿದ್ದ, ಫೈಲು ಕೋರ್ಟಿಗೆ ಹೋಗಿರುತ್ತಿತ್ತು. ವಾಹನ ನಿರೀಕ್ಷಕರ ವರದಿ ಇನ್ನೂ ಬಂದಿರುತ್ತಿರಲಿಲ್ಲ.

ಇನ್ನು ನೋಟಿಸಿನ ಪಾಡು. ಲಾರಿ ಮಾಲೀಕ ಬೇರೆ ರಾಜ್ಯದವನಾದರೆ ನೋಟಿಸು ಹೋಗಿ, ಲಕೋಟೆಯ ಬೆನ್ನಿಗೆ ವಿಳಾಸದಲ್ಲಿ ಇಲ್ಲ ಎಂಬ ಷರಾ ಹೊತ್ತು ವಾಪಸಾಗುತ್ತಿತ್ತು. ಮತ್ತೆ ಹೊಸ ವಿಳಾಸ, ಮತ್ತೆ ನೋಟಿಸಿನ ಶುಲ್ಕ, ಮತ್ತೆ ವಾಯಿದೆ. ಕೊನೆಗೆ ಪತ್ರಿಕೆಯಲ್ಲಿ ಪ್ರಕಟಣೆ, ಅದರ ಖರ್ಚು ಅರ್ಜಿದಾರರದು. ಗಾಯಾಳುಗಳ ಕೇಸಿನಲ್ಲಿ ಡಾಕ್ಟರ ಸಾಕ್ಷಿ ಇನ್ನೊಂದು ಗೋಡೆ. ಆಪರೇಷನ್ ದಿನವೇ ಸಾಕ್ಷಿಯ ದಿನ ಬಂದರೆ ಅವರೇನು ಮಾಡಿಯಾರು? ಮುರಿದ ಕಾಲಿನವನು ಊರುಗೋಲಿನಲ್ಲಿ ಮೆಟ್ಟಿಲು ಹತ್ತಿ ಬಂದು ಸಂಜೆವರೆಗೆ ಕೂತು ಹೋಗುತ್ತಿದ್ದ.

ಈ ಗೋಡೆಗಳನ್ನು ಒಂದೊಂದಾಗಿ ಗುರುತಿಸಿ ಒಡೆಯಲು ಹೊರಟವರು ಕರ್ನಾಟಕ ಹೈಕೋರ್ಟಿನಲ್ಲಿ ನ್ಯಾಯಮೂರ್ತಿಯಾಗಿದ್ದು, ಆಮೇಲೆ ಸುಪ್ರೀಂ ಕೋರ್ಟಿಗೆ ಹೋದ ಆರ್.ವಿ. ರವೀಂದ್ರನ್. 2009ರ ಏಪ್ರಿಲ್‌ನಲ್ಲಿ ಅವರು ಬರೆದ ಸರಳಾ ವರ್ಮಾ ತೀರ್ಪನ್ನು ಇವತ್ತು ದೇಶದ ಯಾವ ನ್ಯಾಯಮಂಡಳಿಯಲ್ಲಿ ಬೇಕಾದರೂ ಬಾಯಿಪಾಠವಾಗಿ ಕೇಳಬಹುದು. ಅದಕ್ಕೆ ಮುಂಚೆ ಒಂದೇ ವಯಸ್ಸು, ಒಂದೇ ಸಂಪಾದನೆಯ ಇಬ್ಬರು ಸತ್ತರೆ ಎರಡು ಕೋರ್ಟಿನಲ್ಲಿ ಎರಡು ಮೊತ್ತ. 1994ರಲ್ಲಿ ಕೇರಳದ ಪ್ರಕರಣವೊಂದರಲ್ಲಿ ಗುಣಕದ ಪದ್ಧತಿ, ಅಂದರೆ ವರ್ಷದ ನಷ್ಟವನ್ನು ವಯಸ್ಸಿಗೆ ತಕ್ಕ ಅಂಕಿಯಿಂದ ಗುಣಿಸುವುದು, ಗಟ್ಟಿಯಾಗಿತ್ತು ನಿಜ, ಆದರೆ ಯಾವ ವಯಸ್ಸಿಗೆ ಯಾವ ಗುಣಕ ಎಂಬ ಜಗಳ ಮುಗಿದಿರಲಿಲ್ಲ. ಕಾಯಿದೆಗೆ ಅಂಟಿಸಿದ್ದ ಎರಡನೇ ಅನುಸೂಚಿಯಲ್ಲೇ ಲೆಕ್ಕದ ತಪ್ಪುಗಳಿವೆಯೆಂದು ಸುಪ್ರೀಂ ಕೋರ್ಟು 1996ರಲ್ಲಿ ಎತ್ತಿತೋರಿಸಿತ್ತು. ಸರಳಾ ವರ್ಮಾ ಇದನ್ನೆಲ್ಲ ಒಂದು ಪುಟ್ಟ ಕೋಷ್ಟಕಕ್ಕೆ ಇಳಿಸಿತು. 25ರವರೆಗಿನ ಹರೆಯದವರಿಗೆ 18, 31ರಿಂದ 35ಕ್ಕೆ 16, 46ರಿಂದ 50ಕ್ಕೆ 13, 65 ದಾಟಿದವರಿಗೆ 5. ಸತ್ತವನನ್ನು ನಂಬಿದವರು ಎರಡು ಮೂರು ಮಂದಿಯಾದರೆ ಅವನ ಸ್ವಂತ ಖರ್ಚಿಗೆ ಮೂರನೆಯ ಒಂದು ಭಾಗ ಕಳೆಯಬೇಕು. ನಾಲ್ಕರಿಂದ ಆರಾದರೆ ನಾಲ್ಕನೆಯ ಒಂದು.

ಲೆಕ್ಕ ಎಷ್ಟು ಸರಳವಾಯಿತೆಂದು ನೋಡಿ. 2010ರಲ್ಲಿ ಸತ್ತ 32 ವರ್ಷದ ಕೂಲಿಯವನು, ಹೆಂಡತಿ ಮತ್ತು ಇಬ್ಬರು ಮಕ್ಕಳು. ಸಂಬಳದ ಚೀಟಿ ಇಲ್ಲದವರಿಗೆ ನಮ್ಮ ರಾಜ್ಯ ಕಾನೂನು ಸೇವಾ ಪ್ರಾಧಿಕಾರ ಲೋಕ ಅದಾಲತ್ತಿಗೆಂದು ಮಾಡಿದ ಪಟ್ಟಿಯಲ್ಲಿ ಆ ವರ್ಷಕ್ಕೆ ತಿಂಗಳಿಗೆ 5,500 ರೂಪಾಯಿ. ವರ್ಷಕ್ಕೆ 66,000. ಮೂರನೆಯ ಒಂದು ಕಳೆದರೆ 44,000. ಹದಿನಾರರಿಂದ ಗುಣಿಸಿದರೆ 7,04,000. 2017ರಲ್ಲಿ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ಪ್ರಣಯ್ ಸೇಠಿ ಪ್ರಕರಣದಲ್ಲಿ, ಕಾಯಂ ನೌಕರಿ ಇಲ್ಲದವರಿಗೂ ನಲವತ್ತು ವರ್ಷದೊಳಗಾದರೆ ಮುಂದಿನ ಗಳಿಕೆಯೆಂದು ನೂರಕ್ಕೆ 40 ಸೇರಿಸಬೇಕೆಂದಿತು. ಅದನ್ನು ಸೇರಿಸಿದರೆ ಇದೇ ಮನೆಗೆ 9,85,600. ಇದರ ಮೇಲೆ ಶವಸಂಸ್ಕಾರ ಮುಂತಾದವಕ್ಕೆ ನಿಗದಿ ಮಾಡಿದ 70,000. ವಕೀಲರಿಬ್ಬರೂ ಒಂದು ಹಾಳೆ ಮುಂದಿಟ್ಟುಕೊಂಡರೆ ಅರ್ಧ ಗಂಟೆಯಲ್ಲಿ ಒಪ್ಪಂದಕ್ಕೆ ಬರಬಹುದಾದ ವಿಷಯ. ಲೋಕ ಅದಾಲತ್ತುಗಳು ಆ ಮೇಲೆ ಚುರುಕಾದದ್ದು ಸುಮ್ಮನೆ ಅಲ್ಲ. ಅದಕ್ಕೂ ಮುಂಚೆ ಅದಾಲತ್ತೆಂದರೆ ಬೇಗ ಬೇಕಾದರೆ ಕಡಿಮೆ ತೆಗೆದುಕೊಳ್ಳಿ ಎಂಬ ಜಾಗವಾಗಿತ್ತು. ಹಸಿದವರು ಒಪ್ಪಿಕೊಳ್ಳುತ್ತಿದ್ದರು. ಕೋಷ್ಟಕ ಬಂದ ಮೇಲೆ ಎಷ್ಟು ಕಡಿಮೆ ಎಂಬುದಾದರೂ ಅವರಿಗೆ ತಿಳಿಯುವಂತಾಯಿತು.

ಕೂಲಿಯವನ ಸಂಪಾದನೆಗೆ ದಾಖಲೆ ಕೇಳುವ ಕ್ರೌರ್ಯದ ಬಗ್ಗೆಯೂ ಸುಪ್ರೀಂ ಕೋರ್ಟು 2011ರಲ್ಲಿ ನಮ್ಮ ರಾಜ್ಯದಿಂದಲೇ ಹೋದ ಪ್ರಕರಣದಲ್ಲಿ ಮಾತಾಡಿತು. 2004ರಲ್ಲಿ ಗಾಯಗೊಂಡ ಕೂಲಿಯೊಬ್ಬರು ತಿಂಗಳಿಗೆ 4,500 ದುಡಿಯುತ್ತಿದ್ದೆನೆಂದರು. ಕೆಳಗಿನ ಕೋರ್ಟು 3,000 ಹಿಡಿದಿತ್ತು. ಅವರು ಕೇಳಿದ್ದು ಹೆಚ್ಚೇನಲ್ಲ, ಅದನ್ನು ನಂಬಬೇಕು ಎಂದಿತು ಸುಪ್ರೀಂ ಕೋರ್ಟು. ಹಾರೆ, ಗುದ್ದಲಿ ಹಿಡಿದವನಿಗೆ ಯಾವ ಧಣಿ ಸಂಬಳದ ಚೀಟಿ ಬರೆದುಕೊಟ್ಟಿದ್ದಾನೆ?

ರವೀಂದ್ರನ್ ಅವರ ಇನ್ನೊಂದು ತೀರ್ಪು ಅಂಗವಿಕಲರ ಬಗ್ಗೆ. ಡಾಕ್ಟರು ಕಾಲಿಗೆ ನೂರಕ್ಕೆ 40 ಎಂದು ಬರೆದರೆ ದುಡಿಮೆಯ ನಷ್ಟವೂ 40 ಎಂದೇನಲ್ಲ. ಡ್ರೈವರನಿಗೆ ಅದು ನೂರಕ್ಕೆ ನೂರಾಗಬಹುದು, ಗುಮಾಸ್ತನಿಗೆ ಹತ್ತಾಗಬಹುದು. ಜೊತೆಗೆ, ಡಾಕ್ಟರುಗಳಿಗೆ ಗೊತ್ತುಪಡಿಸಿದ ಹೊತ್ತು ಕೊಡಿ, ಬೇಕಾದರೆ ಕಮಿಷನರನ್ನು ಆಸ್ಪತ್ರೆಗೇ ಕಳಿಸಿ ಸಾಕ್ಷಿ ಬರೆಸಿಕೊಳ್ಳಿ ಎಂದು ಅವರು ನ್ಯಾಯಮಂಡಳಿಗಳಿಗೆ ಹೇಳಿದರು. ಮತ್ತು 2009ರ ಡಿಸೆಂಬರಿನಲ್ಲಿ, ಹದಿನೈದು ವರ್ಷ ಮಲಗಿದ್ದ ಆ 30 ದಿನದ ಪೊಲೀಸ್ ವರದಿಯ ನಿಯಮವನ್ನು ಎಬ್ಬಿಸಿ ನಿಲ್ಲಿಸಿದರು. ಪೊಲೀಸ್ ಮುಖ್ಯಸ್ಥರು ಅದನ್ನು ಪಾಲಿಸಲೇಬೇಕು, ನ್ಯಾಯಮಂಡಳಿಗಳು ಆ ವರದಿಗೆ ನಂಬರು ಕೊಡಲೇಬೇಕು ಎಂಬ ನಿರ್ದೇಶನ. 2007ರಲ್ಲೂ ಇಂಥದೇ ಆದೇಶವಿತ್ತು. ಸರಿಸುಮಾರು ಅದೇ ಹೊತ್ತಿಗೆ ದೆಹಲಿ ಹೈಕೋರ್ಟಿನಲ್ಲಿ ನ್ಯಾಯಮೂರ್ತಿ ಜೆ.ಆರ್. ಮಿಧಾ ಪೊಲೀಸರನ್ನು, ವಿಮಾ ಕಂಪನಿಗಳನ್ನು ಒಂದೇ ಮೇಜಿಗೆ ಕೂರಿಸಿ, ಯಾವ ದಿನದೊಳಗೆ ಯಾರು ಏನು ಕೊಡಬೇಕೆಂದು ಒಪ್ಪಿಸಿದರು.

ತೀರ್ಪು ಬಂದ ಮೇಲಾದರೂ ಸುಖವೇ? ಅವಾರ್ಡಿನ ಹಣವನ್ನು 30 ದಿನದೊಳಗೆ ಠೇವಣಿ ಇಡಬೇಕೆಂದು ಕಾಯಿದೆ ಹೇಳುತ್ತದೆ. ವಿಮಾ ಕಂಪನಿ ಹೈಕೋರ್ಟಿಗೆ ಎಂ.ಎಫ್.ಎ., ಅಂದರೆ ಮೇಲ್ಮನವಿ, ಹಾಕುತ್ತದೆ, ತಡೆಯಾಜ್ಞೆ ಬರುತ್ತದೆ, ಕೆಳಗಿನ ಕೋರ್ಟಿನ ಕಡತ ಮೇಲಕ್ಕೆ ಹೋಗುತ್ತದೆ. 2008ರಲ್ಲಿ ಧಾರವಾಡ, ಕಲಬುರಗಿಗಳಲ್ಲಿ ಸಂಚಾರಿ ಪೀಠ ಶುರುವಾಗಿ 2013ರಲ್ಲಿ ಕಾಯಂ ಆದ ಮೇಲೆ ಉತ್ತರದ ಜಿಲ್ಲೆಗಳವರಿಗೆ ಬೆಂಗಳೂರಿನ ಓಡಾಟ ತಪ್ಪಿತು. ಸರ್ಕಾರಿ ಬಸ್ಸಿನ ಕೇಸುಗಳ ಹಾದಿ ಬೇರೆ. ಸಾರಿಗೆ ಸಂಸ್ಥೆಗಳು ತಮ್ಮದೇ ನಿಧಿ ಇಟ್ಟುಕೊಂಡರೆ ವಿಮೆಯಿಂದ ವಿನಾಯಿತಿ ಪಡೆಯಬಹುದು. ಹಾಗಾಗಿ ಹಣ ಕೊಡಬೇಕಾದವರು ಅವರೇ. ಕೊಡದಿದ್ದರೆ ಅಮಲ್ಜಾರಿ ಅರ್ಜಿ, ಬಸ್ಸಿನ ಜಪ್ತಿ.

ಅಂಥದೊಂದು ಜಪ್ತಿಗೆ ನಾನು ಅಮೀನರ ಜೊತೆ ಬಸ್ ನಿಲ್ದಾಣಕ್ಕೆ ಹೋಗಿದ್ದೆ. ಬಸ್ಸು ಹೊರಡಲು ನಿಂತಿತ್ತು, ಸೀಟುಗಳೆಲ್ಲ ಭರ್ತಿ. ಅಮೀನರು ಕಂಡಕ್ಟರಿಗೆ ವಾರಂಟು ತೋರಿಸಿ, ಡ್ರೈವರಿಂದ ಕೀಲಿ ಕೇಳಿ ತೆಗೆದುಕೊಂಡರು. ಜನ ಗೊಣಗುತ್ತಾ ಚೀಲ, ಬುಟ್ಟಿ, ಮಕ್ಕಳನ್ನು ಇಳಿಸಿಕೊಂಡರು. ಮುಂದಿನ ಗಾಜಿಗೆ ಜಪ್ತಿಯ ಕಾಗದ ಅಂಟಿಸಿದರು. ಮೈದಾಹಿಟ್ಟಿನ ಗೋಂದು ಗಾಜಿನ ಮೇಲೆ ಇಳಿಯುತ್ತಿತ್ತು. ನಮ್ಮ ಕಕ್ಷಿದಾರ, ಮಗನನ್ನು ಕಳೆದುಕೊಂಡ ಮುದುಕ, ಇಳಿದ ಪ್ರಯಾಣಿಕರ ಹತ್ತಿರ ಹೋಗಿ, "ನಿಮ್ಗೆ ತೊಂದ್ರೆ ಆಯ್ತು ಕಣ್ರಪ್ಪಾ, ನಂದೇನೂ ಹಟ ಇಲ್ಲ" ಎಂದು ಒಬ್ಬೊಬ್ಬರಿಗೂ ಹೇಳುತ್ತಿದ್ದ. ಬಸ್ಸು ಕೋರ್ಟಿನ ಆವರಣಕ್ಕೆ ಬಂದು ನಿಂತ ವಾರದೊಳಗೆ ಚೆಕ್ಕು ಬಂತು. ವಾರದಲ್ಲಿ ಕೊಡಬಹುದಾಗಿದ್ದ ಹಣವನ್ನು ಅಷ್ಟು ಕಾಲ ಯಾಕೆ ತಡೆದಿಟ್ಟರೆಂದು ಆ ಮುದುಕ ನನ್ನನ್ನು ಕೇಳಿದ. ನನ್ನ ಬಳಿ ಉತ್ತರವಿರಲಿಲ್ಲ.

ಠೇವಣಿಯಾದ ಹಣ ಕೈಗೆ ಬರುವುದೂ ಇನ್ನೊಂದು ಪ್ರಯಾಣ. ಓದುಬರಹ ಬಾರದವರ ಹಣವನ್ನು ಯಾರೂ ಹೊಡೆದುಕೊಳ್ಳದಿರಲಿ ಎಂದು ಸುಪ್ರೀಂ ಕೋರ್ಟು 1994ರಲ್ಲಿ ಬ್ಯಾಂಕಿನ ನಿಶ್ಚಿತ ಠೇವಣಿಯ ವ್ಯವಸ್ಥೆ ಹೇಳಿತ್ತು. ಒಳ್ಳೆಯ ಉದ್ದೇಶವೇ. ಆದರೆ ಮಗಳ ಮದುವೆಗೆ, ಮನೆಗೆ ಚಾವಣಿ ಹಾಕಲು ಆ ಹಣ ಬಿಡಿಸಿಕೊಳ್ಳಲು ಮತ್ತೆ ಅರ್ಜಿ, ಮತ್ತೆ ವಾಯಿದೆ. 2012ರಲ್ಲಿ ಕರ್ನಾಟಕದ ಒಂದು ಪ್ರಕರಣದಲ್ಲೇ ಸುಪ್ರೀಂ ಕೋರ್ಟು, ತಿಳಿವಳಿಕೆ ಇರುವ ಅರ್ಜಿದಾರರ ಹಣವನ್ನೂ ಯಾಂತ್ರಿಕವಾಗಿ ಕಟ್ಟಿಹಾಕಬಾರದೆಂದು ಹೇಳಬೇಕಾಯಿತು. 2025ರ ಮಾರ್ಚಿನಲ್ಲಂತೂ ವಿಮಾ ಕಂಪನಿಗಳು ಹಣವನ್ನು ನೇರವಾಗಿ ಅರ್ಜಿದಾರರ ಬ್ಯಾಂಕ್ ಖಾತೆಗೇ ಹಾಕುವ ದಾರಿಯನ್ನು ಅದು ತೋರಿಸಿತು.

2022ರ ಏಪ್ರಿಲ್ 1ರಿಂದ ಜಾರಿಯಾದ ಕೇಂದ್ರದ ನಿಯಮಗಳು ಈಗಿನ ಘಟ್ಟ. ಅಪಘಾತವಾದ 48 ಗಂಟೆಯೊಳಗೆ ಪೊಲೀಸರ ಮೊದಲ ವರದಿ, 90 ದಿನದೊಳಗೆ ವಿವರವಾದ ವರದಿ, ಅದು ಬಂದ 30 ದಿನದೊಳಗೆ ವಿಮಾ ಕಂಪನಿ ಎಷ್ಟು ಕೊಡುತ್ತೇನೆಂದು ಹೇಳಬೇಕು. ನೊಂದವರಿಗೆ ಅವರ ಹಕ್ಕುಗಳೇನು ಎಂಬ ಹಾಳೆಯನ್ನೂ ಪೊಲೀಸರೇ ಕೊಡಬೇಕು. ಅದೇ ವರ್ಷದ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು, ಇದಕ್ಕಾಗಿ ಠಾಣೆಗಳಲ್ಲಿ ಪ್ರತ್ಯೇಕ ಘಟಕ ಮಾಡಿರೆಂದು ರಾಜ್ಯಗಳಿಗೆ ಆದೇಶಿಸಿತು. ಇದು ಕಾಗದದಲ್ಲಿ ನಾನು ಕಂಡ ಅತ್ಯುತ್ತಮ ವ್ಯವಸ್ಥೆ. ಘಟಕ ನಿಜವಾಗಿ ಕೆಲಸ ಮಾಡುವ ಠಾಣೆಯಿಂದ ಬಂದ ಕೇಸಿನಲ್ಲಿ ಮೊದಲ ದಿನವೇ ಎಲ್ಲ ದಾಖಲೆಯೂ ಕಟ್ಟಿನೊಳಗಿರುತ್ತದೆ, ವಾದ ಮೊತ್ತದ ಬಗ್ಗೆ ಮಾತ್ರ. ಆದರೆ ಆ ನಿಯಮಗಳು ಜಾರಿಯಾದ 2022ರ ಏಪ್ರಿಲ್ 1ರಂದೇ ಇನ್ನೊಂದು ನಿಯಮವೂ ಜಾರಿಗೆ ಬಂತು, 1994ರಲ್ಲಿ ತೆಗೆದಿದ್ದ ಆರು ತಿಂಗಳ ಗಡುವು 2019ರ ತಿದ್ದುಪಡಿಯ ಮೂಲಕ ವಾಪಸಾಯಿತು. ಪೊಲೀಸರ ವರದಿಯೇ ಅರ್ಜಿಯಾಗಬೇಕೆನ್ನುವ ಕಾನೂನು, ವರದಿ ಬಾರದೆ ತಡವಾದರೆ ಅದರ ಶಿಕ್ಷೆಯನ್ನು ಅರ್ಜಿದಾರಳಿಗೆ ಕೊಡುವುದು ಯಾವ ನ್ಯಾಯ? ಇದನ್ನು ಪ್ರಶ್ನಿಸಿದ ಅರ್ಜಿಗಳಲ್ಲಿ ಸುಪ್ರೀಂ ಕೋರ್ಟು 2025ರ ನವೆಂಬರಿನಲ್ಲಿ, ಗಡುವು ಮೀರಿತೆಂಬ ಕಾರಣಕ್ಕೆ ಸದ್ಯ ಯಾವ ಅರ್ಜಿಯನ್ನೂ ವಜಾ ಮಾಡಬಾರದೆಂದು ಮಧ್ಯಂತರ ಆದೇಶ ಕೊಟ್ಟಿತು. ಆ ಗಡುವು ಪೂರ್ತಿ ಹೋಗಬೇಕು.

ಇವೆಲ್ಲದರ ನಡುವೆ ನನ್ನನ್ನು ಹೆಚ್ಚು ಕಾಡಿದ್ದು 2025ರ ಏಪ್ರಿಲ್‌ನ ಆದೇಶ. ಗುಜರಾತಿನ ನಿವೃತ್ತ ಜಿಲ್ಲಾ ನ್ಯಾಯಾಧೀಶರೊಬ್ಬರು ಬರೆದ ಪತ್ರವನ್ನೇ ಸುಪ್ರೀಂ ಕೋರ್ಟು ಪ್ರಕರಣವಾಗಿ ತೆಗೆದುಕೊಂಡಿತ್ತು. ಗೆದ್ದ ಕೇಸುಗಳ ಹಣ ನ್ಯಾಯಮಂಡಳಿಗಳ ಖಾತೆಯಲ್ಲೇ ಬಿದ್ದಿದೆ, ಕೇಳಲು ಯಾರೂ ಬಂದಿಲ್ಲ ಎಂಬುದು ಅದರ ಸಾರ. ಕಾದು ಕಾದು ಊರು ಬಿಟ್ಟವರು, ಸತ್ತವರು, ಗೆದ್ದದ್ದೇ ಗೊತ್ತಿಲ್ಲದವರು. ಇನ್ನು ಮುಂದೆ ಅರ್ಜಿಯಲ್ಲೇ ವಿಳಾಸ, ಆಧಾರ್, ಬ್ಯಾಂಕ್ ವಿವರ ತೆಗೆದುಕೊಳ್ಳಬೇಕು. ಬಿದ್ದಿರುವ ಹಣದ ವಿವರವನ್ನು ಜಾಲತಾಣದಲ್ಲಿ ಹಾಕಬೇಕು. ಕಾನೂನು ಸೇವಾ ಪ್ರಾಧಿಕಾರಗಳು ಅರೆಕಾಲಿಕ ಕಾನೂನು ಸ್ವಯಂಸೇವಕರ ಮೂಲಕ ವಾರಸುದಾರರನ್ನು ಹುಡುಕಬೇಕು ಎಂದು ಆದೇಶವಾಯಿತು. ಇದರಲ್ಲಿ ಕೊನೆಯದೇ ಮುಖ್ಯವೆಂದು ನಾನು ನಮ್ಮ ವಕೀಲರ ಸಂಘದಲ್ಲಿ ಹೇಳುತ್ತಾ ಬಂದಿದ್ದೇನೆ. ಹಟ್ಟಿಯ ಹೆಂಗಸು ಜಾಲತಾಣ ನೋಡುವುದಿಲ್ಲ. ಪಟ್ಟಿ ಹಿಡಿದು ಗ್ರಾಮ ಪಂಚಾಯಿತಿಗೆ, ಸಂತೆಗೆ, ನ್ಯಾಯಬೆಲೆ ಅಂಗಡಿಗೆ ಹೋಗಬೇಕು. ಹಳೆಯ ಹೆಸರು ಓದಿದರೆ ಅಲ್ಲಿ ಯಾರಿಗಾದರೂ ಗೊತ್ತಿರುತ್ತದೆ. ನಮ್ಮ ಆಫೀಸಿನ ಹಳೆಯ ಎಂ.ವಿ.ಸಿ. ರಿಜಿಸ್ಟರುಗಳನ್ನು ಕಿರಿಯ ವಕೀಲರು ಈಗ ತೆಗೆದು ತಾಲೂಕುವಾರು ಹೆಸರು ಬರೆದುಕೊಳ್ಳುತ್ತಿದ್ದಾರೆ, ಮೊದಲು ಮೊಳಕಾಲ್ಮುರು ಮತ್ತು ಚಳ್ಳಕೆರೆಯದು.